ಪಶ್ಚಿಮಘಟ್ಟದ ಗುಳಿಮಂಡಲ: ನೆಲೆ, ಬದುಕು, ವಿಷ

ಮಲಬಾರ್ ಗುಳಿಮಂಡಲ ಪಶ್ಚಿಮಘಟ್ಟದಲ್ಲಲ್ಲದೆ ಜಗತ್ತಿನ ಬೇರೆಲ್ಲೂ ಸಿಗದ ವಿಷದ ಹಾವು. ಇದರ ವೈಜ್ಞಾನಿಕ ಹೆಸರು ಕ್ರಾಸ್ಪೆಡೊಸೆಫಾಲಸ್ ಮಲಬಾರಿಕಸ್. ಹಾವು ನೋಡುವ ಹವ್ಯಾಸಿಗಳ ಬಾಯಲ್ಲಿ ಅದು ಮಲಬಾರ್ ಪಿಟ್ ವೈಪರ್. ಕೊಳಕುಮಂಡಲ, ಗರಗಸಮಂಡಲಗಳ ಕುಟುಂಬಕ್ಕೇ ಇದೂ ಸೇರಿದೆ. ಆದರೆ ಅವೆರಡೂ ನೆಲದ ಹಾವುಗಳಾದರೆ ಇದು ಬದುಕಿನ ಬಹುಪಾಲನ್ನು ಪೊದೆ, ಬಳ್ಳಿ, ಕೊಂಬೆಗಳ ಮೇಲೆ ಕಳೆಯುತ್ತದೆ. ಕಣ್ಣು ಮತ್ತು ಮೂಗಿನ ಹೊಳ್ಳೆಯ ನಡುವೆ, ಮುಖದ ಎರಡೂ ಬದಿಗೆ ಒಂದೊಂದು ಗುಳಿ ಇರುವುದು ಈ ಗುಂಪಿನ ಗುರುತು. ಕತ್ತಲಲ್ಲಿ ಬೇಟೆಯ ಮೈಬಿಸಿಯನ್ನು ಹಾವು ಆ ಗುಳಿಯಿಂದಲೇ ತಿಳಿಯುತ್ತದೆ.

ಈ ಹಾವಿನ ಬಗ್ಗೆ ಜನರಲ್ಲಿರುವ ಭಯಕ್ಕೂ ಅದರ ನಿಜವಾದ ಅಪಾಯಕ್ಕೂ ಅಳತೆ ಹೊಂದುವುದಿಲ್ಲ. ಅದರ ವಿಷದ ಬಗ್ಗೆ ವೈದ್ಯಕೀಯಕ್ಕೆ ಇರುವ ಸಿದ್ಧತೆಯೂ ಸಾಲದು. ಎರಡಕ್ಕೂ ಕಾರಣ ಒಂದೇ: ಹಾವುಗಳನ್ನು ಕುರಿತ ನಮ್ಮ ತಿಳಿವಳಿಕೆ, ಔಷಧ, ಎಚ್ಚರಿಕೆಯ ಮಾತು ಎಲ್ಲವೂ ಬಯಲುಸೀಮೆಯ ನಾಲ್ಕು ಹಾವುಗಳ ಸುತ್ತ ಕಟ್ಟಿದವು. ಘಟ್ಟದ ಹಾವನ್ನು ಘಟ್ಟದಲ್ಲೇ ಇಟ್ಟು ನೋಡಿದಾಗ ಮಾತ್ರ ಅದು ಸರಿಯಾಗಿ ಅರ್ಥವಾಗುತ್ತದೆ.

ನೆಲೆ

ಹಾವೇರಿ ಜಿಲ್ಲೆಯ ರಾಣೆಬೆನ್ನೂರು ತಾಲ್ಲೂಕಿನ ಕುಪ್ಪೇಲೂರಿನಂಥ ಊರಿನಲ್ಲಿ ಈ ಹಾವು ಕಾಣಸಿಗದು. ಅಲ್ಲಿ ಮೆಕ್ಕೆಜೋಳ, ಹತ್ತಿಯ ಹೊಲಗಳ ನಡುವೆ ಬದುಕುವವರಿಗೆ ಪರಿಚಯವಿರುವ ವಿಷದ ಹಾವುಗಳು ಬೇರೆ, ಮೇಲೆ ಹೇಳಿದ ಆ ನಾಲ್ಕು: ನಾಗರಹಾವು, ಕಟ್ಟುಹಾವು, ಕೊಳಕುಮಂಡಲ, ಗರಗಸಮಂಡಲ. ರಾಣೆಬೆನ್ನೂರಿನ ಕೃಷ್ಣಮೃಗ ಅಭಯಾರಣ್ಯವೂ ಕುರುಚಲು ಗಿಡ, ನೀಲಗಿರಿ ನೆಡುತೋಪು ಮತ್ತು ಹುಲ್ಲಿನ ಒಣನಾಡು. ಮರದ ಮೇಲಿನ ಗುಳಿಮಂಡಲಕ್ಕೆ ಬೇಕಾದ ಎಡೆಬಿಡದ ತೇವ, ದಟ್ಟ ನೆರಳು, ವರ್ಷದ ಹಲವು ತಿಂಗಳು ಕೂಗುವ ಕಪ್ಪೆಗಳು ಅಲ್ಲಿಲ್ಲ.

ಅದೇ ಹಾವೇರಿ ಜಿಲ್ಲೆಯಲ್ಲಿ ಪಶ್ಚಿಮಕ್ಕೆ ಸಾಗಿದರೆ ಚಿತ್ರ ಬೇಗ ಬದಲಾಗುತ್ತದೆ. ಹಾನಗಲ್ಲು, ಶಿಗ್ಗಾಂವಿಗಳ ಕಡೆ ನೆಲ ಅರೆಮಲೆನಾಡಿನ ಗುಣ ತಾಳುತ್ತದೆ. ಹಾನಗಲ್ಲು ದಾಟಿ ಶಿರಸಿ ಸೇರುವಷ್ಟರಲ್ಲಿ ಅಡಿಕೆ ತೋಟ, ಸೊಪ್ಪಿನಬೆಟ್ಟ, ಹಳ್ಳಕೊಳ್ಳಗಳು ಶುರುವಾಗುತ್ತವೆ. ಗುಳಿಮಂಡಲದ ನಾಡು ಅದು. ಕರ್ನಾಟಕದಲ್ಲಿ ಕ್ಯಾಸಲ್‌ರಾಕ್ ಮತ್ತು ಕಾಳಿ ಕಣಿವೆಯಿಂದ ಹಿಡಿದು ಶರಾವತಿ ಕಣಿವೆ, ಆಗುಂಬೆ, ಕುದುರೆಮುಖ, ಪುಷ್ಪಗಿರಿ, ಕೊಡಗಿನವರೆಗೆ ಇದು ಹರಡಿದೆ. ಉತ್ತರದಲ್ಲಿ ಗೋವೆಯ ಘಟ್ಟದ ಕಾಡು ಮತ್ತು ಮಹಾರಾಷ್ಟ್ರದ ಅಂಬೋಲಿ, ದಕ್ಷಿಣದಲ್ಲಿ ಕೇರಳದ ವಯನಾಡು ಇದರ ಹೆಸರಾಂತ ತಾಣಗಳು. ಘಟ್ಟದ ಬುಡದ ತಗ್ಗು ಕಾಡುಗಳಿಂದ ಎರಡು ಸಾವಿರ ಮೀಟರ್ ಎತ್ತರದವರೆಗೂ ಈ ಹಾವಿನ ವಾಸ ದಾಖಲಾಗಿದೆ. ವರ್ಷಕ್ಕೆ ಏಳು ಸಾವಿರ ಮಿಲಿಮೀಟರಿನ ಆಸುಪಾಸು ಮಳೆ ಬೀಳುವ ಆಗುಂಬೆಯಲ್ಲಿ ಮಳೆಗಾಲದ ಸಂಜೆ ಹಳ್ಳದ ಬದಿಯ ಪೊದೆಗಳಲ್ಲಿ ಹುಡುಕಿದರೆ ಇದು ಸುಲಭವಾಗಿ ಸಿಗುವ ಹಾವುಗಳಲ್ಲೊಂದು.

ರೂಪ ಮತ್ತು ಬಣ್ಣ

ಬೆಳೆದ ಹಾವು ಸಾಮಾನ್ಯವಾಗಿ ಎರಡು ಅಡಿಗಿಂತ ಹೆಚ್ಚು ಉದ್ದವಿರುವುದಿಲ್ಲ. ಅಪರೂಪಕ್ಕೆ ಒಂದು ಮೀಟರ್ ದಾಟಿದ ಹಾವುಗಳೂ ಸಿಕ್ಕಿವೆ. ಹೆಣ್ಣು ಗಂಡಿಗಿಂತ ದೊಡ್ಡದು, ಮೈಕಟ್ಟಿನಲ್ಲೂ ದಪ್ಪ. ತಲೆ ಅಗಲವಾಗಿ ತ್ರಿಕೋನದಂತಿದ್ದು, ಕೊರಳು ಅದಕ್ಕೆ ಹೋಲಿಸಿದರೆ ತೀರ ಸಣ್ಣ. ತಲೆಯ ಮೇಲೆ ದೊಡ್ಡ ಫಲಕಗಳಿಲ್ಲ, ಸಣ್ಣ ಹುರುಪೆಗಳಿವೆ. ಹಗಲಲ್ಲಿ ಕಣ್ಣಿನ ಪಾಪೆ ನಿಂತ ಗೆರೆಯ ಹಾಗೆ ಕಾಣುತ್ತದೆ, ಇರುಳಲ್ಲಿ ಅಗಲವಾಗಿ ತೆರೆದುಕೊಳ್ಳುತ್ತದೆ. ಬಾಲ ಕೊಂಬೆಗೆ ಸುತ್ತಿ ಹಿಡಿಯಬಲ್ಲದು. ಮೈಯ ಮುಂಭಾಗವನ್ನು ಗಾಳಿಯಲ್ಲಿ ಚಾಚಿ ಹೊಡೆಯುವಾಗ ಹಾವಿಗೆ ಆಧಾರ ಕೊಡುವುದು ಈ ಬಾಲವೇ.

ಬಣ್ಣದಲ್ಲಿ ಇಷ್ಟು ವೈವಿಧ್ಯವಿರುವ ಹಾವು ನಮ್ಮ ಕಾಡುಗಳಲ್ಲಿ ಕಡಿಮೆ. ಎಲೆಹಸಿರು, ಪಾಚಿಹಸಿರು, ಕಂದು, ಹಳದಿ, ಕಿತ್ತಳೆ, ನೀಲಿಯ ಛಾಯೆ: ಇವೆಲ್ಲ ಒಂದೇ ಪ್ರಭೇದದ ಬಣ್ಣಗಳು, ಕೆಲವೊಮ್ಮೆ ಒಂದೇ ಹಳ್ಳದ ದಂಡೆಯಲ್ಲಿ ಸಿಗುವಂಥವು. ಬೆನ್ನ ಮೇಲೆ ಕಂದು ಅಥವಾ ಕಪ್ಪು ಮಚ್ಚೆಗಳ ಸಾಲಿದ್ದು, ಅದು ಅಲ್ಲಲ್ಲಿ ಕೂಡಿಕೊಂಡು ಅಂಕುಡೊಂಕು ಪಟ್ಟಿಯಂತೆ ಕಾಣುತ್ತದೆ. ಕಂದು ಬಣ್ಣದ್ದು ತರಗೆಲೆಯಲ್ಲಿ, ಹಸಿರು ಬಣ್ಣದ್ದು ಹಾವಸೆ ಹಿಡಿದ ಕೊಂಬೆಯಲ್ಲಿ ಕಣ್ಣಿಗೆ ಬೀಳುವುದೇ ಇಲ್ಲ. ಹೀಗಾಗಿ ಬಣ್ಣ ನೋಡಿ ಈ ಹಾವನ್ನು ಗುರುತಿಸಲು ಹೊರಟರೆ ತಪ್ಪುವ ಸಂಭವವೇ ಹೆಚ್ಚು.

ಹಸಿರು ಬಣ್ಣದಿಂದಾಗಿ ಇದನ್ನು ಹಸಿರುಹಾವಿನೊಂದಿಗೆ ಬೆರೆಸಿಕೊಳ್ಳುವವರಿದ್ದಾರೆ. ಎರಡಕ್ಕೂ ಇರುವ ವ್ಯತ್ಯಾಸ ಸ್ಪಷ್ಟ. ಹಸಿರುಹಾವು ಬಳ್ಳಿಯಂತೆ ತೆಳ್ಳಗೆ ನೀಳ, ಮೂತಿ ಚೂಪು, ಪಾಪೆ ಅಡ್ಡಗೆರೆ. ಅದು ಹಗಲಿನ ಹಾವು. ಗುಳಿಮಂಡಲ ಗಿಡ್ಡ, ದಪ್ಪ, ಅಗಲತಲೆಯ ಇರುಳಿನ ಹಾವು. ಹಸಿರುಹಾವಿನ ವಿಷ ಬಲು ಸೌಮ್ಯ, ಮನುಷ್ಯರಿಗೆ ಅಪಾಯಕಾರಿಯಲ್ಲ. ಎರಡೂ ಒಂದೇ ಎಂದು ತಿಳಿದರೆ ಒಂದು ಕಡೆ ನಿರುಪದ್ರವಿ ಹಾವು ಸಾಯುತ್ತದೆ, ಇನ್ನೊಂದು ಕಡೆ ಎಚ್ಚರ ವಹಿಸಬೇಕಾದಲ್ಲಿ ಸಸಾರವಾಗುತ್ತದೆ.

ಬಿಸಿಯನ್ನು ಕಾಣುವ ಗುಳಿ

ಗುಳಿಯ ಒಳಗೆ ಅತ್ಯಂತ ತೆಳುವಾದ ಪೊರೆಯೊಂದು ಅಡ್ಡಕ್ಕೆ ಬಿಗಿದುಕೊಂಡಿರುತ್ತದೆ. ಅದರ ದಪ್ಪ ಮಿಲಿಮೀಟರಿನ ನೂರನೇ ಒಂದೆರಡು ಪಾಲು ಮಾತ್ರ. ಪೊರೆಯ ಹಿಂದೆ ಗಾಳಿ ತುಂಬಿದ ಪೊಳ್ಳು ಇರುವುದರಿಂದ ಅದಕ್ಕೆ ತಗುಲಿದ ಬಿಸಿ ಸುತ್ತಲಿನ ಮಾಂಸಕ್ಕೆ ಹರಡಿ ಹೋಗುವುದಿಲ್ಲ. ಹೊರಗಿನ ಪ್ರಾಣಿಯ ಮೈಯಿಂದ ಹೊಮ್ಮುವ ಅವಕೆಂಪು ಕಿರಣ ಗುಳಿಯ ಬಾಯಿಯ ಮೂಲಕ ಒಳಹೊಕ್ಕು ಪೊರೆಯ ಒಂದು ಭಾಗವನ್ನು ಕಿಂಚಿತ್ತು ಬೆಚ್ಚಗೆ ಮಾಡುತ್ತದೆ. ಬಿಸಿ ಯಾವ ದಿಕ್ಕಿನಿಂದ ಬಂತು ಎಂಬುದು ಪೊರೆಯ ಯಾವ ಭಾಗ ಬೆಚ್ಚಗಾಯಿತು ಎಂಬುದರಿಂದ ತಿಳಿಯುತ್ತದೆ. ಡಿಗ್ರಿಯ ಸಾವಿರದಲ್ಲಿ ಕೆಲವೇ ಪಾಲು ಏರುಪೇರಾದರೂ ಅದನ್ನು ಗುರುತಿಸುವ ಶಕ್ತಿ ಈ ಅಂಗಕ್ಕಿದೆ ಎಂಬುದು 1950ರ ದಶಕದಲ್ಲಿ ಅಮೆರಿಕದ ಬುಡುಬುಡಿಕೆ ಹಾವುಗಳ ಮೇಲೆ ನಡೆದ ಪ್ರಯೋಗಗಳಿಂದ ಖಚಿತವಾಯಿತು.

ಈ ಸಂವೇದನೆಯ ಹಿಂದಿರುವ ಅಣು ಯಾವುದು ಎಂಬ ಪ್ರಶ್ನೆಗೆ ಉತ್ತರ ಸಿಕ್ಕಿದ್ದು 2010ರಲ್ಲಿ. ಸ್ಯಾನ್‌ಫ್ರಾನ್ಸಿಸ್ಕೊದ ಕ್ಯಾಲಿಫೋರ್ನಿಯಾ ವಿಶ್ವವಿದ್ಯಾಲಯದ ಡೇವಿಡ್ ಜೂಲಿಯಸ್ ಅವರ ಪ್ರಯೋಗಾಲಯ ಬುಡುಬುಡಿಕೆ ಹಾವಿನ ಗುಳಿಯ ನರಗಳಲ್ಲಿ ಟಿಆರ್‌ಪಿಎ1 ಎಂಬ ಪ್ರೋಟೀನ್ ಹೇರಳವಾಗಿರುವುದನ್ನು ತೋರಿಸಿತು. ಮನುಷ್ಯರಲ್ಲಿ ಸಾಸಿವೆಯ ಘಾಟನ್ನು ನರಕ್ಕೆ ತಿಳಿಸುವ ಪ್ರೋಟೀನೂ ಇದೇ. ಹಾವಿನಲ್ಲಿ ಅದು ಬಿಸಿಯನ್ನು ಅಳೆಯುವ ಕೆಲಸಕ್ಕೆ ಒಗ್ಗಿಕೊಂಡಿದೆ. ಇದೇ ಜೂಲಿಯಸ್ 1997ರಲ್ಲಿ ಮೆಣಸಿನಕಾಯಿಯ ಖಾರ ಮತ್ತು ಬಿಸಿ ಎರಡನ್ನೂ ಗ್ರಹಿಸುವ ಸೋದರ ಪ್ರೋಟೀನನ್ನು ಕಂಡುಹಿಡಿದಿದ್ದರು; ಉಷ್ಣ ಮತ್ತು ಸ್ಪರ್ಶದ ಗ್ರಾಹಕಗಳ ಶೋಧಕ್ಕೆ 2021ರ ನೊಬೆಲ್ ಪ್ರಶಸ್ತಿ ಅವರಿಗೆ ಮತ್ತು ಆರ್ಡೆಮ್ ಪಟಾಪೂಟಿಯನ್ ಅವರಿಗೆ ಸಂದಿತು. ಬ್ಯಾಡಗಿಯ ಮಾರುಕಟ್ಟೆಯಲ್ಲಿ ಮೆಣಸಿನಕಾಯಿಯ ಘಾಟು ತಾಕಿದವರ ನರಗಳಲ್ಲಿ ಕೆಲಸ ಮಾಡುವ ಪ್ರೋಟೀನುಗಳು ಮತ್ತು ಘಟ್ಟದ ಹಾವಿನ ಗುಳಿಯಲ್ಲಿರುವ ಪ್ರೋಟೀನು ಒಂದೇ ಮನೆತನದವು.

ಗುಳಿಯ ಸುದ್ದಿ ಮತ್ತು ಕಣ್ಣಿನ ಸುದ್ದಿ ಹಾವಿನ ಮಿದುಳಿನ ಒಂದೇ ಭಾಗದಲ್ಲಿ ಒಂದರ ಮೇಲೊಂದು ಕೂಡುತ್ತವೆ. ಹಾಗಾಗಿ ಹಾವಿಗೆ ಬೇಟೆಯ ಆಕಾರವೂ ಅದರ ಬಿಸಿಯೂ ಒಟ್ಟಿಗೆ ಸಿಗುತ್ತವೆ. ಇಲಿ, ಮೂಗಿಲಿಗಳಂಥ ಬಿಸಿರಕ್ತದ ಪ್ರಾಣಿಗಳಿಗೆ ಇದು ನೇರವಾಗಿ ಅನ್ವಯಿಸುತ್ತದೆ. ಮುಖ್ಯವಾಗುವುದು ಸುತ್ತಲಿನ ಎಲೆಕಲ್ಲಿಗೂ ಪ್ರಾಣಿಗೂ ಇರುವ ಉಷ್ಣದ ವ್ಯತ್ಯಾಸ. ಸುತ್ತಲಿಗಿಂತ ತಣ್ಣಗಿರುವ ವಸ್ತು ಎದುರಿಗೆ ಬಂದಾಗಲೂ ಗುಳಿಯ ನರಗಳ ಮಿಡಿತ ಬದಲಾಗುತ್ತದೆ.

ಬೇಟೆ, ಆಹಾರ, ಸಂತಾನ

ಗುಳಿಮಂಡಲ ಬೇಟೆಯ ಬೆನ್ನು ಹತ್ತುವುದಿಲ್ಲ, ಕಾದು ಕೂರುತ್ತದೆ. ಹಳ್ಳದ ಬದಿಯ ಒಂದು ಕೊಂಬೆ, ಕಲ್ಲಿನ ಮೇಲೆ ಬಾಗಿದ ಒಂದು ಬೇರು, ಕಾಲುದಾರಿಯ ಅಂಚಿನ ಒಂದು ಪೊದೆ ಆರಿಸಿಕೊಂಡು, ತಲೆ ಕೆಳಮುಖವಾಗಿ, ಕೊರಳನ್ನು ಮಡಿಚಿಟ್ಟು ಅಲುಗದೆ ಇರುತ್ತದೆ. ಒಂದೇ ಜಾಗದಲ್ಲಿ ಹಲವು ದಿನ ಕುಳಿತಿರುವುದೂ ಉಂಟು. ಹಗಲು ಸುರುಳಿ ಸುತ್ತಿ ಮಲಗಿ, ಕತ್ತಲಾದ ಮೇಲೆ ಬೇಟೆಯ ಭಂಗಿಗೆ ಬರುತ್ತದೆ. ಕಪ್ಪೆ, ಹಲ್ಲಿ, ಓತಿ, ಇಲಿ, ಮೂಗಿಲಿ, ಚಿಕ್ಕ ಹಕ್ಕಿ ಮತ್ತು ಮರಿಗಳು ಇದರ ಆಹಾರ.

ಮಂಡಲದ ಕುಟುಂಬದ ಎಲ್ಲ ಹಾವುಗಳಂತೆ ಇದರ ವಿಷದ ಹಲ್ಲುಗಳು ಉದ್ದ, ಪೊಳ್ಳು. ಬಾಯಿ ಮುಚ್ಚಿದಾಗ ಅಂಗುಳಿನ ಗುಂಟ ಮಡಿಚಿಕೊಂಡಿದ್ದು ಹೊಡೆಯುವಾಗ ನೇರ ನಿಲ್ಲುತ್ತವೆ. ನೆಲದ ಮಂಡಲಗಳು ಇಲಿಯನ್ನು ಕಚ್ಚಿ ಬಿಟ್ಟು, ಅದು ಸತ್ತ ಮೇಲೆ ವಾಸನೆ ಹಿಡಿದು ಹೋಗಿ ನುಂಗುವುದು ಸಾಮಾನ್ಯ. ಮರದ ಮೇಲಿನ ಹಾವಿಗೆ ಆ ಅನುಕೂಲವಿಲ್ಲ. ಬಿಟ್ಟ ಬೇಟೆ ಕೆಳಗೆ ಬಿದ್ದರೆ ಹೋಯಿತೆಂದೇ ಲೆಕ್ಕ. ಆದ್ದರಿಂದ ಮರವಾಸಿ ಗುಳಿಮಂಡಲಗಳು ಕಪ್ಪೆ, ಹಕ್ಕಿಗಳನ್ನು ಕಚ್ಚಿದ ಮೇಲೆ ಬಾಯಲ್ಲೇ ಹಿಡಿದಿಟ್ಟುಕೊಳ್ಳುತ್ತವೆ.

ಈ ಹಾವು ಮೊಟ್ಟೆ ಇಡುವುದಿಲ್ಲ. ಮೊಟ್ಟೆ ಹೊಟ್ಟೆಯೊಳಗೇ ಬಲಿತು ಮರಿಗಳು ನೇರವಾಗಿ ಹೊರಬರುತ್ತವೆ. ತಿಂಗಳುಗಟ್ಟಲೆ ನೆಲ ನೀರಲ್ಲಿ ನೆನೆಯುವ ಕಾಡಿನಲ್ಲಿ ಇದು ಅನುಕೂಲದ ವ್ಯವಸ್ಥೆ. ಮೊಟ್ಟೆ ಕೊಳೆಯುವ, ಕೊಚ್ಚಿಹೋಗುವ ಭಯವಿಲ್ಲ. ಹುಟ್ಟಿದ ಮರಿಗೆ ಮೊದಲ ದಿನದಿಂದಲೇ ವಿಷವೂ ಹಲ್ಲೂ ಗುಳಿಯೂ ಇರುತ್ತವೆ.

ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಇವು ಹೆಚ್ಚು ಕಾಣಸಿಗುತ್ತವೆ. ಕಪ್ಪೆಗಳು ಹಳ್ಳದ ಬದಿಗೆ, ತಗ್ಗಿನ ಪೊದೆಗೆ ಇಳಿದು ಕೂಗುವ ಕಾಲ ಅದು. ಹಾವೂ ಅಲ್ಲಿಗೇ ಬರುತ್ತದೆ. ಬೇಸಿಗೆಯಲ್ಲಿ ಕಾಣಿಸುವುದು ಕಡಿಮೆ. ಗುಳಿಮಂಡಲವನ್ನು ತಿನ್ನುವವರೂ ಕಾಡಿನಲ್ಲಿದ್ದಾರೆ. ಆಗುಂಬೆಯಲ್ಲಿ ಕಾಳಿಂಗಸರ್ಪಕ್ಕೆ ರೇಡಿಯೊ ಅಳವಡಿಸಿ ಅದರ ಜಾಡು ಹಿಡಿದವರು ಅದು ಗುಳಿಮಂಡಲಗಳನ್ನು ಹುಡುಕಿ ತಿನ್ನುವುದನ್ನು ದಾಖಲಿಸಿದ್ದಾರೆ. ಕಪ್ಪೆ ತಿನ್ನುವ ಗುಳಿಮಂಡಲ, ಗುಳಿಮಂಡಲ ತಿನ್ನುವ ಕಾಳಿಂಗ: ಮಲೆನಾಡಿನ ಆಹಾರ ಸರಪಳಿಯಲ್ಲಿ ಈ ಹಾವು ನಡುವಿನ ಕೊಂಡಿ.

ವರ್ಗೀಕರಣದ ಚರಿತ್ರೆ

ದಕ್ಷಿಣ ಭಾರತದ ಹಸಿರು ಗುಳಿಮಂಡಲ ಪಾಶ್ಚಾತ್ಯ ವಿಜ್ಞಾನದ ಪುಟಕ್ಕೆ ಮೊದಲು ಬಂದದ್ದು ಪ್ಯಾಟ್ರಿಕ್ ರಸೆಲ್ 1796ರಲ್ಲಿ ಕೋರಮಂಡಲ ತೀರದ ಹಾವುಗಳ ಬಗ್ಗೆ ಪ್ರಕಟಿಸಿದ ಸಚಿತ್ರ ಗ್ರಂಥದಲ್ಲಿ. ಈಸ್ಟ್ ಇಂಡಿಯಾ ಕಂಪನಿಯ ಸೇವೆಯಲ್ಲಿದ್ದ ಈ ವೈದ್ಯ ಹಾವುಗಳನ್ನು ಅವುಗಳ ಸ್ಥಳೀಯ ತೆಲುಗು ಹೆಸರಿನಿಂದಲೇ ದಾಖಲಿಸಿದ್ದ. ಅವನ ವಿವರಣೆಯನ್ನು ಆಧರಿಸಿ ಜಾರ್ಜ್ ಶಾ 1802ರಲ್ಲಿ ಆ ಹಸಿರು ಹಾವಿಗೆ, ಅಂದರೆ ಬಿದಿರುಮಂಡಲಕ್ಕೆ, ವೈಜ್ಞಾನಿಕ ಹೆಸರು ಕೊಟ್ಟ. ಮಲಬಾರ್ ಗುಳಿಮಂಡಲವನ್ನು ಹೆಸರಿಸಿದ್ದು ಮದರಾಸು ಸೈನ್ಯದಲ್ಲಿ ಶಸ್ತ್ರವೈದ್ಯನಾಗಿದ್ದ, ಹಕ್ಕಿಗಳ ಅಧ್ಯಯನದಿಂದ ಹೆಸರಾದ ಥಾಮಸ್ ಕ್ಯಾವರ್‌ಹಿಲ್ ಜೆರ್ಡನ್, 1854ರಲ್ಲಿ. ಮುಂದೆ ಮ್ಯಾಲ್ಕಮ್ ಸ್ಮಿತ್ 1943ರ ತನ್ನ ಸಂಪುಟದಲ್ಲಿ, ರಾಮುಲಸ್ ವಿಟೇಕರ್ ಮತ್ತು ಅಶೋಕ್ ಕ್ಯಾಪ್ಟನ್ 2004ರ ಕೈಪಿಡಿಯಲ್ಲಿ ಈ ಗುಂಪಿನ ವಿವರಗಳನ್ನು ಒಪ್ಪಗೊಳಿಸಿದರು. ಕನ್ನಡದಲ್ಲಿ ಹಾವುಗಳ ಬಗ್ಗೆ ಓದುಗರಿಗೆ ನೇರವಾಗಿ ತಿಳಿಸುವ ಕೆಲಸವನ್ನು ಉಡುಪಿಯ ಗುರುರಾಜ್ ಸನಿಲ್ ಅವರು ‘ಹಾವು ನಾವು’ ಪುಸ್ತಕದಿಂದ ಮಾಡಿದ್ದಾರೆ.

ಬಹುಕಾಲ ಏಷ್ಯಾದ ಹಸಿರು ಗುಳಿಮಂಡಲಗಳೆಲ್ಲ ಟ್ರೈಮೆರೆಸುರಸ್ ಎಂಬ ಒಂದೇ ಜಾತಿಯಲ್ಲಿದ್ದವು. ವಂಶವಾಹಿಗಳನ್ನು ಹೋಲಿಸಿ ನೋಡಿದಾಗ ದಕ್ಷಿಣ ಭಾರತದ ಹಾವುಗಳು ಈಶಾನ್ಯ ಭಾರತ ಮತ್ತು ಥಾಯ್ಲೆಂಡಿನ ಹಸಿರು ಮಂಡಲಗಳಿಗಿಂತ ಶ್ರೀಲಂಕಾ ಮತ್ತು ಜಾವಾದ ಹಾವುಗಳಿಗೆ ಹತ್ತಿರ ಎಂದು ತೋರಿತು. ಭಾರತದ ಸಂಶೋಧಕರ ತಂಡವೊಂದು 2021ರಲ್ಲಿ ಪ್ರಕಟಿಸಿದ ಅಧ್ಯಯನ ಇವನ್ನು ಕ್ರಾಸ್ಪೆಡೊಸೆಫಾಲಸ್ ಜಾತಿಗೆ ಸೇರಿಸಿತು. ಪಾಲ್ಘಾಟ್ ಕಣಿವೆಯ ದಕ್ಷಿಣಕ್ಕಿರುವ ಆನೆಮಲೆಯ ಹಾವನ್ನು ಮಲಬಾರಿನ ಹಾವಿನಿಂದ ಬೇರೆಯದೇ ಪ್ರಭೇದವೆಂದೂ ಗುರುತಿಸಿತು. ಮಲೆಸಾಲು ಕಡಿದುಹೋಗಿ ಬಯಲಾದ ಆ ಕಣಿವೆ ತೇವದ ಕಾಡಿನ ಅನೇಕ ಜೀವಿಗಳಿಗೆ ದಾಟಲಾಗದ ಗಡಿ. ಒಂದೇ ಎಂದುಕೊಂಡಿದ್ದ ಹಾವು ಎರಡು ಎಂದಾದಾಗ ಎರಡರ ನೆಲೆಯೂ ಕಿರಿದಾಗುತ್ತದೆ, ಎರಡರ ವಿಷವನ್ನೂ ಬೇರೆಬೇರೆಯಾಗಿ ಪರೀಕ್ಷಿಸಬೇಕಾಗುತ್ತದೆ. ಹೆಸರಿನ ಬದಲಾವಣೆ ಸಂಗ್ರಹಾಲಯದ ಚೀಟಿಗಷ್ಟೇ ಸೀಮಿತವಲ್ಲ.

ಘಟ್ಟದಲ್ಲಿ ಇದರ ಜೊತೆಗಾರರಿದ್ದಾರೆ. ಬಿದಿರುಮಂಡಲ ಹಸಿರು ಬಣ್ಣದ್ದು, ಬಿದಿರಮೆಳೆ ಮತ್ತು ಎಲೆಯುದುರುವ ಕಾಡುಗಳಿಗೂ ಒಗ್ಗಿಕೊಂಡದ್ದು. ಪಶ್ಚಿಮ ಮತ್ತು ಪೂರ್ವ ಘಟ್ಟಗಳೆರಡರಲ್ಲೂ ಇದೆ. ಡುಬ್ಬುಮೂಗಿನ ಗುಳಿಮಂಡಲ ಹೆಚ್ಚಾಗಿ ನೆಲದ ತರಗೆಲೆಯಲ್ಲಿರುವ ಒಂದೂವರೆ ಅಡಿಯೊಳಗಿನ ಕಂದು ಹಾವು. ದೊಡ್ಡಹುರುಪೆಯ ಗುಳಿಮಂಡಲ, ಲಾಳದ ಗುರುತಿನ ಗುಳಿಮಂಡಲಗಳು ನೀಲಗಿರಿ, ಆನೆಮಲೆ ಮತ್ತು ಅವುಗಳ ದಕ್ಷಿಣದ ಮಲೆಗಳವು. ಜಗತ್ತಿನಲ್ಲಿ ಗುಳಿಮಂಡಲಗಳ ಪ್ರಭೇದಗಳು ಇನ್ನೂರಕ್ಕೂ ಹೆಚ್ಚಿದ್ದು, ಏಷ್ಯಾ ಮತ್ತು ಅಮೆರಿಕ ಖಂಡಗಳಲ್ಲಿ ಹಂಚಿಹೋಗಿವೆ. ಆಫ್ರಿಕದಲ್ಲೂ ಆಸ್ಟ್ರೇಲಿಯದಲ್ಲೂ ಒಂದೂ ಇಲ್ಲ. ಮಧ್ಯ ಅಮೆರಿಕದ ಮಳೆಕಾಡಿನ ರೆಪ್ಪೆಮಂಡಲ ಬಾಲದಿಂದ ಕೊಂಬೆ ಹಿಡಿಯುತ್ತದೆ, ಹಸಿರು, ಹಳದಿ, ಕಂದು ಮುಂತಾದ ಬಣ್ಣಗಳಲ್ಲಿ ಸಿಗುತ್ತದೆ, ಕಾದು ಕೂತು ಕಪ್ಪೆ, ಹಕ್ಕಿ ಹಿಡಿಯುತ್ತದೆ. ಮಲಬಾರಿನ ಹಾವಿಗೂ ಅದಕ್ಕೂ ಹತ್ತಿರದ ನಂಟಿಲ್ಲ. ಒಂದೇ ಬಗೆಯ ಕಾಡು ಎರಡನ್ನೂ ಒಂದೇ ಬಗೆಯಲ್ಲಿ ರೂಪಿಸಿದೆ.

ವಿಷದ ಕೆಲಸ

ಗುಳಿಮಂಡಲದ ವಿಷ ಮುಖ್ಯವಾಗಿ ರಕ್ತ ಮತ್ತು ಅಂಗಾಂಶಗಳ ಮೇಲೆ ಕೆಲಸ ಮಾಡುತ್ತದೆ. ನಾಗರಹಾವು, ಕಟ್ಟುಹಾವುಗಳ ವಿಷದಂತೆ ನರಗಳನ್ನು ಕಟ್ಟಿ ಉಸಿರು ನಿಲ್ಲಿಸುವುದು ಇದರ ಬಗೆಯಲ್ಲ. ಕಚ್ಚಿದ ಜಾಗದಲ್ಲಿ ತಕ್ಷಣ ಉರಿ, ನೋವು. ಮುಂದಿನ ಕೆಲವು ಗಂಟೆಗಳಲ್ಲಿ ಬಾವು ಕೈಕಾಲಿನ ಮೇಲ್ಭಾಗಕ್ಕೆ ಏರುತ್ತದೆ. ಚರ್ಮ ಕೆಂಪಾಗಿ ಕಪ್ಪಿಡಬಹುದು, ಬೊಬ್ಬೆ ಏಳಬಹುದು.

ಈ ವಿಷದ ಮೇಲಿನ ಮಹತ್ವದ ಸಂಶೋಧನೆ ಕರ್ನಾಟಕದಲ್ಲೇ ನಡೆದಿದೆ. ಮೈಸೂರು ವಿಶ್ವವಿದ್ಯಾಲಯದ ಜೀವರಸಾಯನಶಾಸ್ತ್ರ ವಿಭಾಗದ ತಂಡ 2006ರಲ್ಲಿ ಪ್ರಕಟಿಸಿದ ಅಧ್ಯಯನ, ಮಲಬಾರ್ ಗುಳಿಮಂಡಲದ ವಿಷ ಸ್ನಾಯುಗಳನ್ನು ತೀವ್ರವಾಗಿ ಹಾಳುಮಾಡುತ್ತದೆ ಎಂದೂ ಅದರಲ್ಲಿ ಮೆಟಲೊಪ್ರೋಟಿಯೇಸ್ ಎಂಬ ಕಿಣ್ವಗಳ ಪಾತ್ರ ಪ್ರಧಾನ ಎಂದೂ ತೋರಿಸಿತು. ಸತುವಿನ ಪರಮಾಣುವನ್ನು ಆಧರಿಸಿ ಕೆಲಸ ಮಾಡುವ ಈ ಕಿಣ್ವಗಳು ಸಣ್ಣ ರಕ್ತನಾಳಗಳ ಗೋಡೆಯನ್ನು ಹಿಡಿದಿಡುವ ಪ್ರೋಟೀನುಗಳನ್ನು ಕತ್ತರಿಸುತ್ತವೆ. ನಾಳ ಸೋರುತ್ತದೆ, ರಕ್ತ ಅಂಗಾಂಶಕ್ಕೆ ಇಳಿಯುತ್ತದೆ, ಬಾವು ಬರುತ್ತದೆ, ಪೋಷಣೆ ಕಡಿದ ಸ್ನಾಯು ಸಾಯುತ್ತದೆ. ಅದೇ ವಿಭಾಗದವರು ಮುಂದೆ ಈ ವಿಷದಿಂದ ರಕ್ತಸ್ರಾವ ಉಂಟುಮಾಡುವ ಒಂದು ಮೆಟಲೊಪ್ರೋಟಿಯೇಸನ್ನು ಬೇರ್ಪಡಿಸಿ ಅದಕ್ಕೆ ಟ್ರೈಮರಿನ್ ಎಂದು ಹೆಸರಿಟ್ಟರು. ಕಿಣ್ವ ಯಾವುದೆಂದು ತಿಳಿದರೆ ಅದನ್ನು ತಡೆಯುವ ಔಷಧ ಹುಡುಕಲು ದಾರಿಯಾಗುತ್ತದೆ. ಪ್ರತಿವಿಷ ಇಲ್ಲದ ಹಾವಿನ ವಿಷಯದಲ್ಲಿ ಈ ದಾರಿ ಬಹಳ ಮುಖ್ಯ.

ಗುಳಿಮಂಡಲದ ವಿಷದಿಂದ ಮನುಷ್ಯರಿಗೆ ಉಪಕಾರವಾದ ಉದಾಹರಣೆಯೂ ಇದೆ. ಬ್ರೆಜಿಲ್‌ನ ಜರರಾಕ ಎಂಬ ಗುಳಿಮಂಡಲದ ವಿಷದಲ್ಲಿದ್ದ ಪೆಪ್ಟೈಡುಗಳನ್ನು ಸೆರ್ಜಿಯೊ ಫೆರೇರಾ 1960ರ ದಶಕದಲ್ಲಿ ಅಧ್ಯಯನ ಮಾಡಿದರು. ಅದರ ಸುಳಿವು ಹಿಡಿದು ರಕ್ತದೊತ್ತಡಕ್ಕೆ ಕ್ಯಾಪ್ಟೊಪ್ರಿಲ್ ಎಂಬ ಔಷಧ ಸಿದ್ಧವಾಯಿತು. ಇಂದು ಲಕ್ಷಾಂತರ ಜನ ನುಂಗುವ ಅದೇ ವರ್ಗದ ಮಾತ್ರೆಗಳ ಮೂಲ ಒಂದು ಹಾವಿನ ವಿಷ.

ಕಡಿತ ಮತ್ತು ಚಿಕಿತ್ಸೆ

ಮಲಬಾರ್ ಗುಳಿಮಂಡಲದ ಕಡಿತದಿಂದ ಸಾವು ತೀರ ವಿರಳ. ಅದು ತಾನಾಗಿ ಮೇಲೆರಗುವ ಹಾವಲ್ಲ. ಹತ್ತಿರ ಹೋದರೂ ಓಡದೆ, ತನ್ನ ಬಣ್ಣವನ್ನೇ ನಂಬಿ ಅಲುಗದೆ ಕೂರುತ್ತದೆ. ಅಪಾಯ ಇರುವುದು ಈ ಸ್ವಭಾವದಲ್ಲೇ. ಅಡಿಕೆ ತೋಟಕ್ಕೆ ಸೊಪ್ಪು ಕಡಿಯುವ, ದರಕು ಗುಡಿಸುವ, ಏಲಕ್ಕಿ ಬಿಡಿಸುವ, ಕಾಫಿ ಗಿಡದ ಕಳೆ ತೆಗೆಯುವ ಕೈಗೆ ಎಲೆಮರೆಯ ಹಾವು ಕಾಣುವುದಿಲ್ಲ. ಕಡಿತ ಹೆಚ್ಚಾಗಿ ಬೆರಳಿಗೆ, ಅಂಗೈಗೆ, ಬರಿಗಾಲಿಗೆ. ಸಾವು ವಿರಳ ಎಂದ ಮಾತ್ರಕ್ಕೆ ಇದು ಸಣ್ಣ ವಿಷಯವಲ್ಲ. ದುಡಿಯುವ ಕೈ ವಾರಗಟ್ಟಲೆ ಬಾತುಕೊಂಡರೆ ಕೂಲಿಯವರ ಮನೆಯಲ್ಲಿ ಅಷ್ಟು ದಿನದ ಸಂಪಾದನೆ ಇಲ್ಲ. ಬಯಲುಸೀಮೆಯಿಂದ ಘಟ್ಟದ ತೋಟಗಳಿಗೆ ದುಡಿಯಲು ಹೋಗುವವರಿಗೆ ಅಪಾಯ ಇನ್ನೂ ಹೆಚ್ಚು; ಅವರು ಬಲ್ಲ ಹಾವುಗಳೆಲ್ಲ ನೆಲದವು, ಎದೆಮಟ್ಟದ ಕೊಂಬೆಯಲ್ಲಿ ಹಾವಿದ್ದೀತು ಎಂಬ ಅಭ್ಯಾಸ ಅವರ ಕಣ್ಣಿಗಿರುವುದಿಲ್ಲ.

ಚಿಕಿತ್ಸೆಯ ಮೂಲ ತೊಡಕು ಪ್ರತಿವಿಷದಲ್ಲಿದೆ. ಭಾರತದಲ್ಲಿ ತಯಾರಾಗುವ ಬಹುವಿಷ ಪ್ರತಿವಿಷ ನಾಗರಹಾವು, ಕಟ್ಟುಹಾವು, ಕೊಳಕುಮಂಡಲ, ಗರಗಸಮಂಡಲ ಈ ನಾಲ್ಕರ ವಿಷವನ್ನು ಕುದುರೆಗಳಿಗೆ ಚುಚ್ಚಿ ಪಡೆದದ್ದು. ಅದಕ್ಕೆ ಬೇಕಾದ ವಿಷದ ದೊಡ್ಡ ಪಾಲನ್ನು ಒದಗಿಸುತ್ತ ಬಂದದ್ದು 1978ರಲ್ಲಿ ಸ್ಥಾಪನೆಯಾದ ತಮಿಳುನಾಡಿನ ಇರುಳ ಸಮುದಾಯದ ಹಾವು ಹಿಡಿಯುವವರ ಸಹಕಾರ ಸಂಘ. ದೇಶದಲ್ಲಿ ಹಾವಿನಿಂದಾಗುವ ಸಾವುಗಳಲ್ಲಿ ಬಹುಪಾಲು ಈ ನಾಲ್ಕರಿಂದಲೇ ಆದ್ದರಿಂದ ಈ ಆಯ್ಕೆಗೆ ಅರ್ಥವಿದೆ. ಆದರೆ ಯಾವ ಗುಳಿಮಂಡಲವೂ ಈ ಪಟ್ಟಿಯಲ್ಲಿಲ್ಲ. ಗುಳಿಮಂಡಲ ಕಚ್ಚಿದವರಿಗೆ ಈ ಪ್ರತಿವಿಷ ಕೊಟ್ಟರೆ ಉಪಯೋಗ ಸಿಗುವ ಭರವಸೆಯಿಲ್ಲ. ಕುದುರೆಯ ಪ್ರೋಟೀನಿಗೆ ಮೈ ಸಿಡಿಯುವ ತೀವ್ರ ಅಲರ್ಜಿಯ ಅಪಾಯವಂತೂ ಇದ್ದೇ ಇದೆ. ಥಾಯ್ಲೆಂಡಿನ ಸ್ಥಿತಿ ಬೇರೆ. ಬ್ಯಾಂಕಾಕ್ ನಗರದಲ್ಲೇ ಹಸಿರು ಗುಳಿಮಂಡಲಗಳ ಕಡಿತ ಸಾಮಾನ್ಯವಾದ ಕಾರಣ ಅಲ್ಲಿನ ರೆಡ್ ಕ್ರಾಸ್‌ನ ಸಂಸ್ಥೆ ಆ ಹಾವಿಗೇ ಮೀಸಲಾದ ಪ್ರತಿವಿಷ ತಯಾರಿಸುತ್ತದೆ.

ಗುಳಿಮಂಡಲಗಳೆಲ್ಲ ಸೌಮ್ಯ ಎಂಬ ನಂಬಿಕೆಯನ್ನು ಮುರಿದದ್ದು ಡುಬ್ಬುಮೂಗಿನ ಹಾವು. ಈ ಪುಟ್ಟ ಹಾವಿನ ಕಡಿತದಿಂದ ರಕ್ತ ಹೆಪ್ಪುಗಟ್ಟದಿರುವುದು, ಮೂತ್ರಪಿಂಡ ಕೆಲಸ ನಿಲ್ಲಿಸುವುದು ಶ್ರೀಲಂಕಾದಲ್ಲಿ ಮೊದಲೇ ತಿಳಿದಿತ್ತು. ಕೇರಳದ ವೈದ್ಯರು 2007ರಲ್ಲಿ ಭಾರತದ ಪ್ರಕರಣಗಳನ್ನು ಖಚಿತ ಗುರುತಿನೊಂದಿಗೆ ಪ್ರಕಟಿಸಿದರು. ಅದಕ್ಕೂ ಮೊದಲು ಇಂಥ ರೋಗಿಗಳಿಗೆ ಗರಗಸಮಂಡಲ ಕಚ್ಚಿದೆ ಎಂದು ತಿಳಿದು ಕೆಲಸಕ್ಕೆ ಬಾರದ ಪ್ರತಿವಿಷ ಕೊಡುವ ಸಂಭವವಿತ್ತು. ಘಟ್ಟದ ಆಸ್ಪತ್ರೆಯಲ್ಲಿ ಯಾವ ಹಾವು ಕಚ್ಚಿತು ಎಂಬ ಪ್ರಶ್ನೆಗೆ ಬಯಲಿನ ಆಸ್ಪತ್ರೆಗಿಂತ ಹೆಚ್ಚು ತೂಕವಿರುವುದು ಇದರಿಂದ.

ಹಾವು ಕಚ್ಚಿದಾಗ ಮಾಡಬೇಕಾದದ್ದು ಎಲ್ಲ ಕಡೆಯೂ ಒಂದೇ. ಕಚ್ಚಿಸಿಕೊಂಡವರನ್ನು ಧೈರ್ಯ ಹೇಳಿ ಕೂರಿಸಿ, ಆ ಕೈ ಅಥವಾ ಕಾಲನ್ನು ಅಲುಗಿಸದೆ ಇಡಬೇಕು. ಬಾವು ಏರುವ ಮುನ್ನ ಉಂಗುರ, ಬಳೆ, ಕಾಲುಂಗುರ, ವಾಚು ತೆಗೆಯಬೇಕು. ಕಚ್ಚಿದ ಹೊತ್ತನ್ನು ನೆನಪಿಟ್ಟುಕೊಳ್ಳಬೇಕು. 108ಕ್ಕೆ ಕರೆ ಮಾಡಿ ಅಥವಾ ಸಿಕ್ಕ ವಾಹನದಲ್ಲಿ ಆಸ್ಪತ್ರೆಗೆ ಸಾಗಿಸಬೇಕು. ಗಾಯವನ್ನು ಕೊಯ್ಯಬಾರದು, ಬಾಯಿಂದ ಹೀರಬಾರದು, ಹಗ್ಗದಿಂದ ಬಿಗಿಯಬಾರದು. ಮಂಡಲದ ಕಡಿತದಲ್ಲಿ ಬಿಗಿದು ಕಟ್ಟುವುದು ವಿಷವನ್ನು ಒಂದೇ ಕಡೆ ನಿಲ್ಲಿಸಿ ಆ ಅಂಗವನ್ನೇ ಕಳೆದುಕೊಳ್ಳುವ ಸ್ಥಿತಿ ತರಬಹುದು. ಹಾವನ್ನು ಹಿಡಿಯಲು, ಕೊಲ್ಲಲು ಹೋಗಿ ಎರಡನೆಯವರೂ ಕಚ್ಚಿಸಿಕೊಳ್ಳುವುದಕ್ಕಿಂತ ದೂರದಿಂದ ತೆಗೆದ ಒಂದು ಮೊಬೈಲ್ ಚಿತ್ರ ವೈದ್ಯರಿಗೆ ಸಾಕು.

ಆಸ್ಪತ್ರೆಯಲ್ಲಿ ಒಂದು ಸರಳ ಪರೀಕ್ಷೆ ದಾರಿ ತೋರುತ್ತದೆ. ಸ್ವಚ್ಛವಾದ ಗಾಜಿನ ನಳಿಕೆಯಲ್ಲಿ ರೋಗಿಯ ಸ್ವಲ್ಪ ರಕ್ತ ತೆಗೆದು ಇಪ್ಪತ್ತು ನಿಮಿಷ ಅಲುಗಿಸದೆ ಇಟ್ಟು, ಬಗ್ಗಿಸಿ ನೋಡುವುದು. ಹೆಪ್ಪುಗಟ್ಟದಿದ್ದರೆ ವಿಷ ರಕ್ತವ್ಯವಸ್ಥೆಗೆ ಇಳಿದಿದೆ ಎಂದರ್ಥ. ಮಲಬಾರ್ ಗುಳಿಮಂಡಲದ ಕಡಿತ ಎಂದು ಖಚಿತವಾದರೆ ನೋವುಶಮನ, ಅಂಗವನ್ನು ಎತ್ತರದಲ್ಲಿಡುವುದು, ಧನುರ್ವಾಯು ಚುಚ್ಚುಮದ್ದು, ಹೆಪ್ಪುಗಟ್ಟುವಿಕೆ ಮತ್ತು ಮೂತ್ರದ ಮೇಲೆ ನಿಗಾ, ಇವೇ ಚಿಕಿತ್ಸೆ. ರಕ್ತಸ್ರಾವ ಹೆಚ್ಚಿಸುವ ಆಸ್ಪಿರಿನ್‌ನಂಥ ಮಾತ್ರೆ ಕೊಡಬಾರದು.

ನೀತಿ ಮತ್ತು ಲೆಕ್ಕ

ಹಾವು ಕಡಿತವನ್ನು ವಿಶ್ವ ಆರೋಗ್ಯ ಸಂಸ್ಥೆ 2017ರಲ್ಲಿ ಅಲಕ್ಷಿತ ಉಷ್ಣವಲಯದ ಕಾಯಿಲೆಗಳ ಪಟ್ಟಿಗೆ ಸೇರಿಸಿತು; ಸಾವು ಮತ್ತು ಅಂಗವೈಕಲ್ಯವನ್ನು 2030ರೊಳಗೆ ಅರ್ಧಕ್ಕೆ ಇಳಿಸುವ ಗುರಿಯನ್ನು 2019ರಲ್ಲಿ ಇಟ್ಟುಕೊಂಡಿತು. ಭಾರತದಲ್ಲಿ 2000ದಿಂದ 2019ರವರೆಗೆ ಸುಮಾರು 12 ಲಕ್ಷ ಜನ, ಅಂದರೆ ವರ್ಷಕ್ಕೆ ಸರಾಸರಿ 58,000 ಜನ, ಹಾವು ಕಚ್ಚಿ ಸತ್ತಿದ್ದಾರೆ ಎಂದು 2020ರಲ್ಲಿ ಪ್ರಕಟವಾದ ಅಧ್ಯಯನ ಅಂದಾಜು ಮಾಡಿತು. ಕರ್ನಾಟಕ ಸರ್ಕಾರ 2024ರ ಫೆಬ್ರುವರಿಯಲ್ಲಿ ಹಾವು ಕಡಿತವನ್ನು ಅಧಿಸೂಚಿತ ಕಾಯಿಲೆ ಎಂದು ಘೋಷಿಸಿತು. ಅದರಂತೆ ಆಸ್ಪತ್ರೆಗಳು ಪ್ರಕರಣಗಳನ್ನೂ ಸಾವುಗಳನ್ನೂ ವರದಿ ಮಾಡಬೇಕು. ಇದು ಒಳ್ಳೆಯ ಹೆಜ್ಜೆ. ಆದರೆ ವರದಿಯಲ್ಲಿ ಬರಿಯ ಹಾವು ಕಡಿತ ಎಂದಷ್ಟೇ ಬರೆದರೆ ಘಟ್ಟದ ಹಾವಿನ ಲೆಕ್ಕ ಆ ನಾಲ್ಕು ಹಾವುಗಳ ಲೆಕ್ಕದಲ್ಲಿ ಮುಳುಗಿಹೋಗುತ್ತದೆ. ಪ್ರಭೇದದ ಹೆಸರು, ತಾಣ, ಮಾಡುತ್ತಿದ್ದ ಕೆಲಸ, ಕಚ್ಚಿದ ಅಂಗ ಇವು ದಾಖಲಾದರೆ ಮಾತ್ರ ಗುಳಿಮಂಡಲಕ್ಕೆ ಪ್ರತ್ಯೇಕ ಪ್ರತಿವಿಷ ಬೇಕೇ, ಬೇಕಾದರೆ ಯಾವ ತಾಲ್ಲೂಕುಗಳಲ್ಲಿ ಎಂಬ ಪ್ರಶ್ನೆಗೆ ಉತ್ತರ ಹೇಳಲು ಸಾಧ್ಯ.

ಸಂರಕ್ಷಣೆ

ಅಂತರರಾಷ್ಟ್ರೀಯ ಪ್ರಕೃತಿ ಸಂರಕ್ಷಣಾ ಒಕ್ಕೂಟದ ಪಟ್ಟಿಯಲ್ಲಿ ಮಲಬಾರ್ ಗುಳಿಮಂಡಲ ಸದ್ಯಕ್ಕೆ ಅಳಿವಿನ ಭಯವಿಲ್ಲದ ಗುಂಪಿನಲ್ಲಿದೆ. 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯ ರಕ್ಷಣೆಯೂ ಇದಕ್ಕಿದೆ. ಆದರೂ ನಿಶ್ಚಿಂತೆಗೆ ಎಡೆಯಿಲ್ಲ. ಪಾಲ್ಘಾಟಿನ ದಕ್ಷಿಣದ ಹಾವು ಬೇರೆ ಎಂದಾದ ಮೇಲೆ ಹಿಂದಿನ ಅಂದಾಜನ್ನು ಮತ್ತೆ ನೋಡಬೇಕಾಗಿದೆ. ಕಾಡು ತುಂಡಾಗುವುದು, ಹಳ್ಳದ ದಂಡೆಯ ಮರ ಕಡಿಯುವುದು, ತೋಟಕ್ಕೆ ಸಿಂಪಡಿಸಿದ ವಿಷ ಕಪ್ಪೆಗಳ ಮೂಲಕ ಹಾವಿಗೆ ತಲುಪುವುದು, ಮಳೆಗಾಲದ ಇರುಳು ಘಟ್ಟದ ರಸ್ತೆಗಳಲ್ಲಿ ವಾಹನಕ್ಕೆ ಸಿಕ್ಕಿ ಸಾಯುವುದು ಇವೆಲ್ಲ ಇದಕ್ಕಿರುವ ಕುತ್ತುಗಳು. ಚಿತ್ರಕ್ಕಾಗಿ ಹಾವನ್ನು ಕೋಲಿನಿಂದ ಎತ್ತಿ ಬೇರೆ ಕೊಂಬೆಗೆ ಇಡುವ, ಮತ್ತೆಮತ್ತೆ ಫ್ಲ್ಯಾಶ್ ಹಾಕುವ ಪ್ರವಾಸಿಗಳೂ ಹೆಚ್ಚುತ್ತಿದ್ದಾರೆ. ದಿನಗಟ್ಟಲೆ ಒಂದೇ ಜಾಗದಲ್ಲಿ ಕಾದು ಊಟ ಗಳಿಸುವ ಜೀವಿಗೆ ಜಾಗ ತಪ್ಪಿಸುವುದೆಂದರೆ ಊಟ ತಪ್ಪಿಸಿದಂತೆ.

ಪಶ್ಚಿಮಘಟ್ಟದ 39 ತಾಣಗಳು 2012ರಲ್ಲಿ ಯುನೆಸ್ಕೊದ ವಿಶ್ವ ಪರಂಪರೆಯ ಪಟ್ಟಿಗೆ ಸೇರಿದವು. ಗುಳಿಮಂಡಲದ ನೆಲೆ ಆ ತಾಣಗಳೊಳಗೆ ಮುಗಿಯುವುದಿಲ್ಲ. ಅಡಿಕೆ, ಏಲಕ್ಕಿ, ಕಾಫಿ ತೋಟಗಳ ನೆರಳು, ಸೊಪ್ಪಿನಬೆಟ್ಟ, ದೇವರಕಾಡು, ಹಳ್ಳದ ಪಟ್ಟಿಗಳಲ್ಲೂ ಅದು ಬದುಕಿದೆ. ಆದ್ದರಿಂದ ಅದರ ಉಳಿವು ಅರಣ್ಯ ಇಲಾಖೆಯಷ್ಟೇ ತೋಟಗಾರರ ಕೈಯಲ್ಲೂ ಇದೆ. ಹಳ್ಳದ ಬದಿಯ ಪೊದೆಯನ್ನು ಉಳಿಸುವುದು, ಸೊಪ್ಪು ಕಡಿಯುವ ಮುನ್ನ ಕೋಲಿನಿಂದ ತಟ್ಟಿ ನೋಡುವುದು, ಆಳುಗಳಿಗೆ ದಪ್ಪ ಕೈಗವಸು, ಗಮ್‌ಬೂಟು, ಕತ್ತಲಲ್ಲಿ ಬ್ಯಾಟರಿ ಕೊಡುವುದು, ಹೊರಗಿನಿಂದ ಬಂದ ಕೂಲಿಯವರಿಗೆ ಮೊದಲ ದಿನವೇ ಈ ಹಾವಿನ ಚಿತ್ರ ತೋರಿಸಿ ಅದು ಎಲ್ಲಿ ಕೂರುತ್ತದೆ ಎಂದು ಹೇಳುವುದು: ಇಷ್ಟರಿಂದ ಮನುಷ್ಯರ ಕೈಯೂ ಉಳಿಯುತ್ತದೆ, ಹಾವಿನ ಜೀವವೂ ಉಳಿಯುತ್ತದೆ. ಮಲೆನಾಡಿನ ಪ್ರಾಥಮಿಕ ಆರೋಗ್ಯ ಕೇಂದ್ರಗಳ ಸಿಬ್ಬಂದಿಗೆ ನಾಲ್ಕು ಹಾವುಗಳ ಜೊತೆಗೆ ತಮ್ಮ ಸೀಮೆಯ ಗುಳಿಮಂಡಲಗಳ ಗುರುತನ್ನೂ ಕಲಿಸುವುದು, ಮೈಸೂರಿನಲ್ಲಿ ಆರಂಭವಾದ ವಿಷದ ಸಂಶೋಧನೆಯನ್ನು ಹೊಸದಾಗಿ ವಿಂಗಡವಾದ ಪ್ರಭೇದಗಳಿಗೂ ಮುಂದುವರಿಸುವುದು ಮುಂದಿನ ಕೆಲಸ.